ಬಲಗಡೆಯ ಜೇಬು

ಚಳಿಗಾಲದಲ್ಲಿ ವಾಲಾಳ ಮನೆಗೆ ಯಾರೇ ಹೋಗಲಿ, ಮೊದಲ ಉಪಚಾರ ಬ್ಯಾಟರಿಗೆ, ಆಮೇಲೆ ಮನುಷ್ಯರಿಗೆ. ನಾನು ಹುಬ್ಬಿನ ಮೇಲೆಲ್ಲ ಹಿಮ ಕಟ್ಟಿಸಿಕೊಂಡು ಬಾಗಿಲಲ್ಲಿ ನಿಂತಿದ್ದರೂ ಅವಳ ಕಣ್ಣು ನನ್ನ ಕೈಚೀಲದ ಮೇಲೆ.

"ತಂದ್ಯಾ? ಎಲ್ಲಿಟ್ಟಿದ್ರಿ ಇದನ್ನ? ಬಂಡೀಲಾ? ಬಂಡೀಲಿ ಹಿಂದಾ, ಮುಂದಾ?"

"ನಾನೂ ಬಂದಿದೀನಿ ಕಣೇ. ಒಂದ್ಸಲ ನನ್ನ ಮುಖಾನೂ ನೋಡು."

"ನೀನು ತಾನಾಗೇ ಬಿಸಿಯಾಗ್ತೀಯ ಥೋರಾ, ಬಾಯಿ ಬಿಟ್ರೆ ಸಾಕು. ಇದು ಆಗಲ್ಲ. ಒಳಗೆ ಬಾ, ಬಾಗಿಲು ಹಾಕು."

ಮಗುವಿಗೆ ಜ್ವರ ಇದೆಯೇ ಎಂದು ನೋಡುವ ಹಾಗೆ ಬ್ಯಾಟರಿಯನ್ನು ಕೆನ್ನೆಗೆ ಒತ್ತಿಕೊಳ್ಳುವಳು. ತಣ್ಣಗಿದ್ದರೆ ಮುಖ ಸಿಂಡರಿಸಿ ಒಲೆಯ ಪಕ್ಕದ ಪೆಟ್ಟಿಗೆಯಲ್ಲಿ ಮಲಗಿಸುವಳು. ಅದು ಮೀನು ತುಂಬುತ್ತಿದ್ದ ಹಳೆಯ ತೊಟ್ಟಿ. ಒಳಗೆ ಸುತ್ತಲೂ ಕುರಿತೊಗಲು, ತಳದಲ್ಲಿ ಬಿಸಿನೀರು ತುಂಬಿದ ರಬ್ಬರ್ ಚೀಲ, ಮೇಲೆ ಕಂಬಳಿಯ ಮುಚ್ಚಳ. ನಮ್ಮ ತಂಡದ್ದಲ್ಲದೆ ಊರಿನ ಅರ್ಧದಷ್ಟು ಮೀನುಗಾರರ ಬೈರಿಗೆ ಬ್ಯಾಟರಿಗಳು ಅಲ್ಲಿ ಸಾಲಾಗಿ ಮಲಗಿರುತ್ತಿದ್ದವು. ನನ್ನ ತಮ್ಮ ಬಾಲ್ಡುರ್, ನಮ್ಮ ತಂಡದ ಯಜಮಾನ, ಊರೆಲ್ಲ ಹೇಳಿಕೊಂಡು ಬರುತ್ತಿದ್ದ: "ವಾಲಾ ಕಾವಿಗೆ ಕೂತಿದಾಳೆ. ಹಿಮ ಕರಗೋ ಹೊತ್ತಿಗೆ ಮರಿ ಹೊರಗೆ ಬರ್ತವೆ, ನೋಡ್ತಿರಿ."

"ಬರ್ಲಿ ಬಿಡು," ಅನ್ನುತ್ತಿದ್ದಳು ವಾಲಾ. "ನಿನಗಿಂತ ಬುದ್ಧಿ ಇರೋವೇ ಬರ್ತವೆ."

ನಮ್ಮೂರು ಸ್ಯಾಂಡ್ವಿಕ್, ವಿನಿಪೆಗ್ ಸರೋವರದ ಪಶ್ಚಿಮ ದಡದಲ್ಲಿದೆ. ಸರೋವರ ಅನ್ನುವುದೆಲ್ಲ ಬರೆಯುವಾಗ ಮಾತ್ರ. ಆಚೆ ದಡ ಕಾಣದಿದ್ದರೂ ನಮ್ಮ ಬಾಯಲ್ಲಿ ಅದು ಬರೀ ಕೆರೆ. ನಮ್ಮ ಮುತ್ತಜ್ಜಂದಿರು ಐಸ್‌ಲ್ಯಾಂಡಿನಲ್ಲಿ ಹಡಗು ಹತ್ತಿ, ಅಲ್ಲಿನ ಚಳಿ ಸಾಲದು ಎಂಬಂತೆ ಇನ್ನೂ ಚಳಿ ಹೆಚ್ಚಿರುವ ಜಾಗ ಹುಡುಕಿಕೊಂಡು ಬಂದು ಇಲ್ಲಿ ನೆಲೆ ನಿಂತರು. ಅಂಥ ಬುದ್ಧಿವಂತರ ಸಂತಾನ ನಾವು. ಚಳಿಗಾಲ ಬಂತೆಂದರೆ ಗಟ್ಟಿಯಾದ ಕೆರೆಯ ಮೇಲೆ ಎಂಜಿನ್ನಿನ ಮುಚ್ಚುಬಂಡಿ ಹೊಡೆದುಕೊಂಡು ಹೋಗುತ್ತೇವೆ, ಮಂಜುಗಡ್ಡೆಯಲ್ಲಿ ತೂತು ಕೊರೆದು ಅಡಿಗೆ ಬಲೆ ಬಿಡುತ್ತೇವೆ. ಊರಿಗೆ ಗೊತ್ತಿರುವ ಕಸುಬು ಅದೊಂದೇ.

ವಾಲಾಳ ಅಪ್ಪ ಮಾತ್ರ ಮೀನಿನ ತಂಟೆಗೆ ಹೋಗದೆ ಕುರಿ ಸಾಕಿದವನು. ಅವಳು ಚಿಕ್ಕವಳಿದ್ದಾಗ ಒಂದು ಮಾರ್ಚಿ ತಿಂಗಳಲ್ಲಿ ಹಿಮದಲ್ಲಿ ಹುಟ್ಟಿ ಮರಗಟ್ಟಿದ ಮರಿಯೊಂದನ್ನು ಮಡಿಲಲ್ಲಿಟ್ಟುಕೊಂಡು, ಪಾಪ ಹಸಿದಿದೆ ಅಂತ ಬಾಟಲಿಯಲ್ಲಿ ಹಾಲು ಕುಡಿಸಿದಳು. ಮರಿ ಅವಳ ಮಡಿಲಲ್ಲೇ ಸತ್ತಿತು. ಅಪ್ಪ ಬೈಯಲಿಲ್ಲ. "ತಣ್ಣಗಿರೋ ಹೊಟ್ಟೆಗೆ ಹಾಲೂ ವಿಷಾನೇ ಮಗಾ. ಮೊದಲು ಕಾವು, ಆಮೇಲೆ ಹಾಲು," ಅಂದನಂತೆ. ಈ ಮಾತನ್ನು ವಾಲಾ ಎಷ್ಟು ಸಲ ಹೇಳಿದ್ದಾಳೆಂದರೆ, ನನಗೆ ಆ ಮರಿಯ ಮುಖವೂ ಗುರುತು ಸಿಗುತ್ತದೆ.

ದೊಡ್ಡವಳಾದ ಮೇಲೆ ಅವಳು ಬಲೆ ಹೆಣೆದಳು, ಹರಿದ ಬಲೆ ಸರಿ ಮಾಡಿದಳು, ಊರಿನ ಗಂಡಸರಿಗೆಲ್ಲ ಚಳಿಗಾಲದ ಕೋಟು ಹೊಲಿದಳು. ನಾನು ಹಾಕುವ ಕೋಟೂ ಅವಳದೇ. ಯಾರ ತೋಳು ಉದ್ದ, ಯಾರ ಹೆಗಲು ಬಲೆ ಎಳೆದೆಳೆದು ಒಂದು ಕಡೆ ಇಳಿದಿದೆ ಅನ್ನುವುದು ಅವಳಿಗೆ ಅಳತೆ ಪಟ್ಟಿ ಇಲ್ಲದೆಯೇ ಗೊತ್ತಿತ್ತು.

ಮಂಜುಗಡ್ಡೆ ಕೊರೆಯುವ ಬೈರಿಗೆ ಮೊದಲು ಪೆಟ್ರೋಲಿನದಾಗಿತ್ತು. ಹೊಗೆ, ಗದ್ದಲ, ಎಣ್ಣೆ ವಾಸನೆ. ಬ್ಯಾಟರಿಯ ಬೈರಿಗೆ ಬಂದಾಗ ಬಾಲ್ಡುರ್ ಹೊಸ ಮದುಮಗನ ಹಾಗೆ ಅದನ್ನು ಹೆಗಲ ಮೇಲಿಟ್ಟುಕೊಂಡು ತಿರುಗಿದ. ಮೊದಲ ದಿನವೇ, ಮೈನಸ್ ಮೂವತ್ತರ ಚಳಿಯಲ್ಲಿ, ಎರಡು ತೂತು ಕೊರೆದು ಅದು ಸುಮ್ಮನಾಯಿತು. ಬಾಲ್ಡುರ್ ಅದಕ್ಕೆ ಕೊಟ್ಟ ಬೈಗುಳಗಳನ್ನು ಇಲ್ಲಿ ಬರೆಯಲಾರೆ. ಅಂದು ಆ ಬ್ಯಾಟರಿಯನ್ನು ವಾಲಾ ಮನೆಗೊಯ್ದಳು, ಅದರ ಜೊತೆ ಬಂದಿದ್ದ ಕಾಗದವನ್ನೆಲ್ಲ ಓದಿದಳು, ಮಾರನೆಯ ದಿನ ನನ್ನನ್ನು ಕರೆದಳು.

"ಸತ್ತಿಲ್ಲ ಕಣೇ ಇದು. ಚಳೀಲಿ ಮರಗಟ್ಟಿದೆ ಅಷ್ಟೆ. ಬಿಸಿ ಮಾಡಿದೆ, ಎದ್ದು ಕೂತ್ಕೊಳ್ತು. ಆದ್ರೆ ಮರಗಟ್ಟಿರೋವಾಗ ಚಾರ್ಜಿಗೆ ಹಾಕಿದ್ರೆ ಒಳಗೆ ಲೋಹ ಪದರ ಕಟ್ಟುತ್ತಂತೆ, ಅದು ಮತ್ತೆ ಬಿಡೋದೇ ಇಲ್ವಂತೆ. ಬ್ಯಾಟರಿ ಒಳಗಿಂದ ಹಾಳಾಗುತ್ತೆ, ಹೊರಗೆ ದೀಪ ಎಲ್ಲ ಹಸಿರೇ ತೋರಿಸುತ್ತೆ."

"ಹಾಗಂದ್ರೆ?"

"ಕುರಿಮರಿ ಕಣೇ ಇದು! ಮೊದಲು ಕಾವು, ಆಮೇಲೆ ಹಾಲು."

ಅಲ್ಲಿಂದ ಶುರುವಾಯಿತು ನೋಡಿ ಅವಳ ಹುಚ್ಚು. ಉಣ್ಣೆಯ ಚೀಲ ಹೆಣೆದಳು, ಸಾಲಲಿಲ್ಲ. ಒಳಗೆ ಹೊಳೆಯುವ ಹಾಳೆ ಹೊಲಿದಳು, ಪರವಾಗಿಲ್ಲ ಅನ್ನಿಸಿತು. ಬಂಡಿಯ ಎಂಜಿನ್ ಪಕ್ಕ ಕಟ್ಟಿ ನೋಡಿದಳು, ಅದು ಅತಿಯಾಗಿ ಕಾದು ಇನ್ನೇನು ಊದಿಕೊಳ್ಳುವುದರಲ್ಲಿತ್ತು. ಕೊನೆಗೆ ಕುರಿತೊಗಲಿನ ಚೀಲವೇ ಗತಿ ಎಂದಾಯಿತು: ಮನೆಯ ಪೆಟ್ಟಿಗೆಯಲ್ಲಿ ಚೆನ್ನಾಗಿ ಬೆಚ್ಚಗೆ ಮಾಡಿ, ಚೀಲದಲ್ಲಿಟ್ಟು ಒಯ್ದು, ಕೊರೆಯುವ ಹೊತ್ತಿಗೆ ತೆಗೆದು ಸಿಕ್ಕಿಸಬೇಕು. ಓಡುತ್ತಿರುವ ಬ್ಯಾಟರಿ ತನ್ನ ಬಿಸಿಯನ್ನು ತಾನೇ ಕಾಯ್ದುಕೊಳ್ಳುತ್ತದೆ, ಸುಮ್ಮನೆ ಕೂತದ್ದು ತಣ್ಣಗಾಗುತ್ತದೆ. ಇಷ್ಟೆಲ್ಲ ಮಾಡಿದರೂ ಚೀಲದ ಕಾವು ಮಧ್ಯಾಹ್ನದವರೆಗೆ ಮಾತ್ರ. ಅದೊಂದು ಕೊರಗು ಅವಳಿಗೆ ಉಳಿದೇ ಇತ್ತು.

ಈಗ ಅವಳ ಗಂಡ ಸ್ಕಾಪ್ತಿಯ ಮಾತಿಗೆ ಬರುತ್ತೇನೆ. ಬರಲೇಬೇಕು.

ಸ್ಕಾಪ್ತಿಯ ಕಿವಿ ಕೆರೆಯ ಮೇಲೆ ಹೆಸರುವಾಸಿ. ನಾವು ಬಲೆ ಬಿಡುವುದು ಹೀಗೆ: ಒಂದು ತೂತಿನಿಂದ ಉದ್ದನೆಯ ಹಲಗೆಯನ್ನು ಮಂಜುಗಡ್ಡೆಯ ಅಡಿಗೆ ತೂರಿಸುತ್ತೇವೆ. ಹಗ್ಗ ಎಳೆದಾಗಲೆಲ್ಲ ಅದರ ಕಬ್ಬಿಣದ ತೋಳು ಮೇಲಿನ ಗಡ್ಡೆಯನ್ನು ಒದ್ದು, ಹಲಗೆ ನೀರಿನಲ್ಲಿ ಟಕ್ ಟಕ್ ಅಂತ ತೆವಳಿಕೊಂಡು ಮುಂದೆ ಹೋಗುತ್ತದೆ. ಹಗ್ಗ ಮುಗಿದಾಗ ಅದು ಎಲ್ಲಿ ನಿಂತಿದೆಯೋ ಅಲ್ಲೇ ಇನ್ನೊಂದು ತೂತು ಕೊರೆದು ಹಿಡಿದು, ಆ ಹಗ್ಗಕ್ಕೆ ಬಲೆ ಕಟ್ಟಿ ಅಡಿಯಿಂದ ಎಳೆದುಕೊಳ್ಳಬೇಕು. ಮೇಲೆ ಹಿಮ, ಕೆಳಗೆ ಕತ್ತಲೆ, ಏನೂ ಕಾಣುವುದಿಲ್ಲ. ಸದ್ದನ್ನೇ ಹಿಂಬಾಲಿಸಬೇಕು. ಗಾಳಿ ಬೀಸುವಾಗ ನನಗೆ ನನ್ನ ಹಲ್ಲು ಕಡಿಯುವ ಸದ್ದು ಬಿಟ್ಟರೆ ಬೇರೇನೂ ಕೇಳಿಸುವುದಿಲ್ಲ. ಸ್ಕಾಪ್ತಿ ತಲೆ ಒಂದು ಕಡೆ ವಾಲಿಸಿಕೊಂಡು ನಿಧಾನ ನಡೆದು ಹೋಗಿ, ಹಿಮ್ಮಡಿ ಊರಿ "ಇಲ್ಲಿ" ಅನ್ನುವನು. ಕೊರೆದರೆ ಹಲಗೆ ಅಲ್ಲೇ.

ಅವನ ಎದೆಗೂಡು ಹಾಳಾಯಿತು. ಡಾಕ್ಟರು ಸಿಗರೇಟು ಅಂದರು, ಅವನು ಬೈರಿಗೆಯ ಹೊಗೆ ಅಂದ, ಎರಡೂ ಸೇರಿಯೇ ಅಂತ ನಾನು ಹೇಳಿದೆ, ಯಾರೂ ಕೇಳಲಿಲ್ಲ. ಮೂಗಿಗೆ ಕೊಳವೆ ಬಂತು. ಹೆಗಲಿಗೆ ನೇತುಹಾಕುವ ಆಕ್ಸಿಜನ್ ಯಂತ್ರ ಬಂತು, ಅದಕ್ಕೊಂದು ಬ್ಯಾಟರಿ, ಇನ್ನೊಂದು ಹೆಚ್ಚಿನದು. ಯಂತ್ರ ನಿಂತರೆ ಅವನು ಒಳಮನೆಯಿಂದ ಅಡುಗೆಮನೆಗೆ ನಡೆಯುವಷ್ಟರಲ್ಲಿ ತುಟಿ ನೀಲಿಯಾಗುತ್ತಿತ್ತು.

ಆ ವರ್ಷ ಕೆರೆ ಗಟ್ಟಿಯಾದಾಗ ಅವನು ಕಿಟಕಿಯ ಪಕ್ಕ ಕುರ್ಚಿ ಹಾಕಿಕೊಂಡು ಕೂತ. ಬಂಡಿಗಳು ಹೋಗುವುದನ್ನು ನೋಡುವನು, ಬರುವುದನ್ನು ನೋಡುವನು. ಊಟ ಬಿಟ್ಟ. ಒಣಮೀನಿಗೆ ಬೆಣ್ಣೆ ಸವರಿ ಕೊಟ್ಟರೆ ತಟ್ಟೆ ಹಾಗೇ ಇರುತ್ತಿತ್ತು. ಒಂದು ದಿನ ವಾಲಾ ನನ್ನನ್ನು ಹಿತ್ತಲಿಗೆ ಕರೆದೊಯ್ದು ಹೇಳಿದಳು.

"ಕೋಟು ಹೊಲಿತಿದೀನಿ ಥೋರಾ. ಯಂತ್ರ ಒಳಗೇ ಇರೋ ಹಾಗೆ."

"ತಲೆ ಕೆಟ್ಟಿದ್ಯಾ? ನರ್ಸಮ್ಮ ಏನಂದಳು? ಆ ಯಂತ್ರ ಚಳಿಗೆ ಮಾಡಿದ್ದಲ್ಲ ಅನ್ನಲಿಲ್ವಾ?"

"ಅಂದಳು."

"ಮತ್ತೆ?"

"ಕಿಟಕಿ ಹತ್ರ ಕೂತು ಸಾಯ್ತಾ ಇದಾನೆ. ಕೆರೆಗೆ ಹೋಗಿ ಬ್ಯಾಟರಿ ತಣ್ಣಗಾದ್ರೆ ಅಲ್ಲಿ ಸಾಯ್ತಾನೆ. ಬ್ಯಾಟರಿ ಬೆಚ್ಚಗಿದ್ರೆ ಎರಡೂ ಇಲ್ಲ. ಬೆಚ್ಚಗಿಡೋದು ನನಗೆ ಗೊತ್ತು."

ನನಗೆ ಹೆದರಿಕೆಯಾಯಿತು. ಹೇಳಿಯೂ ಬಿಟ್ಟೆ. ಅವಳಿಗೆ ನನಗಿಂತ ಹೆಚ್ಚು ಹೆದರಿಕೆ ಇತ್ತು ಅನ್ನುವುದು ಹೊಲಿಗೆ ನೋಡಿದಾಗ ಗೊತ್ತಾಯಿತು, ಪ್ರತಿ ಗೆರೆಗೂ ಎರಡೆರಡು ಸಲ ದಾರ ಹಾಕಿದ್ದಳು. ಎಡಗಡೆ ಎದೆಯ ಮೇಲೆ ಯಂತ್ರಕ್ಕೆ ಜೇಬು. ಅದು ಗಾಳಿ ಎಳೆದುಕೊಳ್ಳಲು ಕುತ್ತಿಗೆಯ ಹತ್ತಿರ ಒಂದು ಬಾಯಿ, ಬಿಸಿ ಬಿಡಲು ಕೆಳಗೊಂದು. ಮೂಗಿನ ಕೊಳವೆಯೊಳಗಿನ ತೇವ ಹೆಪ್ಪುಗಟ್ಟದ ಹಾಗೆ ಅದು ಕೊರಳಪಟ್ಟಿಯ ಒಳಗಿಂದಲೇ ಬರಬೇಕು. ಬಲಗಡೆ, ಪಕ್ಕೆಗೆ ಅಂಟಿಕೊಂಡ ಹಾಗೆ, ಕುರಿತೊಗಲಿನ ಇನ್ನೊಂದು ಜೇಬು. ಅದು ಹೆಚ್ಚಿನ ಬ್ಯಾಟರಿಗೆ. ಸ್ಕಾಪ್ತಿಯ ಮೈಯೇ ಅದಕ್ಕೆ ಒಲೆ.

"ಈ ಬಲಗಡೆ ಜೇಬೇ ನಿನ್ನ ಜೀವ," ಅಂತ ಗುಂಡಿ ಹಾಕುತ್ತ ಹೇಳಿದಳು. "ಎಡಗಡೇದು ಮುಗಿದ ತಕ್ಷಣ ಇದನ್ನ ಹಾಕ್ಕೋಬೇಕು. ತಿಳೀತಾ?"

"ತಿಳೀತು ಅಮ್ಮಣ್ಣಿ. ನಿನ್ನ ಮದುವೆ ಆದಾಗ್ಲೂ ಪಾದ್ರಿ ಇಷ್ಟು ಸಲ ಕೇಳಿರ್ಲಿಲ್ಲ."

ಕೆರೆಗೆ ಬಂದ ಮೊದಲ ದಿನ ಸ್ಕಾಪ್ತಿ ಮಗುವಿನ ಹಾಗೆ ನಗುತ್ತಿದ್ದ. ಎದೆಯೊಳಗಿನಿಂದ ಯಂತ್ರ ಪುಸ್ ಪುಸ್ ಅನ್ನುವುದು ಅವನಿಗೆ ಸರಿಬರಲಿಲ್ಲ. "ಈ ಮುದುಕಿ ನನ್ನ ಕಿವೀಲಿ ಉಸಿರು ಬಿಡ್ತಾಳೆ ಕಣೋ," ಎಂದು ಗೊಣಗಿದ. ಆದರೂ ಹಲಗೆಯ ಸದ್ದು ಹಿಡಿದ, ಹಿಮ್ಮಡಿ ಊರಿದ, "ಇಲ್ಲಿ" ಅಂದ. ಸರಿಯಾಗಿ ಅಲ್ಲೇ ಇತ್ತು. ನಾನು ಬಂಡಿಯ ಹಿಂದೆ ಹೋಗಿ ಮೂಗು ಒರೆಸಿಕೊಂಡು ಬಂದೆ. ಚಳಿ ಅಂತ ಬಾಲ್ಡುರನಿಗೆ ಹೇಳಿದೆ.

ಆದರೆ ಬಾಲ್ಡುರನ ನಾಲಿಗೆಗೆ ಎಲುಬಿಲ್ಲ. ಅದೇ ವಾರ ಒಂದು ಮಧ್ಯಾಹ್ನ ಚೀಲದಲ್ಲಿದ್ದ ಬ್ಯಾಟರಿ ತಣ್ಣಗಾಗಿ ಬೈರಿಗೆ ಅರ್ಧ ತೂತಿನಲ್ಲೇ ನಿಂತಿತು. ಆ ದಿನದ ಕೆಲಸ ಅಲ್ಲಿಗೇ ಮುಗಿಯಿತು. ಅವನು ಬೈರಿಗೆಯನ್ನು ಒದ್ದು, ಗಾಳಿಗೆ ಹೇಳುವವನ ಹಾಗೆ, "ಒಂದು ಕಡೆ ಸತ್ತ ಬ್ಯಾಟರಿ, ಇನ್ನೊಂದು ಕಡೆ ಕೂತು ಬರೋ ಲಗೇಜು. ಇದೇನು ಬಸ್ಸಾ ನಂದು? ಎರಡರಲ್ಲಿ ಒಂದಾದ್ರೂ ಕೆಲಸ ಮಾಡ್ಬೇಕಪ್ಪ," ಅಂದ. ಸ್ಕಾಪ್ತಿ ದೂರದಲ್ಲಿ, ಬಂಡಿಯ ಆಚೆ ಬದಿಯಲ್ಲಿ ಕೂತಿದ್ದ. ಕೇಳಿಸಿರಲಾರದು ಎಂದುಕೊಂಡೆವು. ಅವನ ಕಿವಿ ಎಂಥದು ಅಂತ ಆಗಲೇ ಹೇಳಿದೆನಲ್ಲ.

ಮಾರನೆಯ ದಿನದಿಂದ ಬೈರಿಗೆಯ ಬ್ಯಾಟರಿ ಚೀಲ ನೋಡಿಕೊಳ್ಳುವ ಕೆಲಸ ತನಗೇ ಬೇಕೆಂದು ಸ್ಕಾಪ್ತಿ ಕೇಳಿ ತೆಗೆದುಕೊಂಡ. "ಬಲೆ ಎಳೆಯಕ್ಕಾಗಲ್ಲ, ಇಷ್ಟಾದ್ರೂ ಮಾಡ್ತೀನಿ." ಬಾಲ್ಡುರ್ ಕೈ ಚಾಚಿದರೆ ಅವನು ಬಂಡಿಯ ಮೂಲೆಯಿಂದ ಬ್ಯಾಟರಿ ತೆಗೆದು ಕೊಡುವನು. ಅಂದಿನಿಂದ ಬೈರಿಗೆ ನಿಂತದ್ದೇ ಇಲ್ಲ. ಮುಖ ಮರಗಟ್ಟುವ ಚಳಿಯಲ್ಲೂ, ಸಂಜೆಯ ಕೊನೆಯ ತೂತಿನಲ್ಲೂ, ಬೆಣ್ಣೆಯಲ್ಲಿ ಚಾಕು ಇಳಿದ ಹಾಗೆ ಇಳಿಯುತ್ತಿತ್ತು. ಬೇರೆ ತಂಡದವರು ಹೊಟ್ಟೆಕಿಚ್ಚು ಪಟ್ಟರು.

ಫೆಬ್ರವರಿಯಲ್ಲಿ, ನಮ್ಮ ಮುತ್ತಜ್ಜಂದಿರು ತಂದ ನಡುಚಳಿಗಾಲದ ಥೋರ್ರಾ ಹಬ್ಬದ ಊಟದಲ್ಲಿ ಬಾಲ್ಡುರ್ ಗ್ಲಾಸು ಎತ್ತಿ ನಿಂತ. "ಆ ಒಂದು ದಿನ ಬಿಟ್ರೆ ಈ ವರ್ಷ ನಮ್ಮ ಬೈರಿಗೆ ಕೈ ಕೊಡ್ಲೇ ಇಲ್ಲ. ವಾಲಾಗೆ, ಅವಳ ಮೊಟ್ಟೆ ಪೆಟ್ಟಿಗೆಗೆ!" ಎಲ್ಲರೂ ಮೇಜು ಕುಟ್ಟಿದರು. ವಾಲಾಳ ಮುಖ ಕೆಂಪಾಯಿತು. ನನ್ನ ಕಿವಿಯಲ್ಲಿ ಮಾತ್ರ, "ನನ್ನ ಚೀಲದ ಕಾವು ಸಂಜೆವರೆಗೆ ಉಳಿಯೋದು ಹೇಗೆ ಅಂತ ನನಗೇ ಗೊತ್ತಾಗ್ತಿಲ್ಲ ಕಣೇ," ಅಂದಳು. ಸ್ಕಾಪ್ತಿ ತಟ್ಟೆ ನೋಡಿಕೊಂಡು ನಗುತ್ತಿದ್ದ. ಹೆಂಡತಿಯ ಹೆಮ್ಮೆಗೆ ನಗುತ್ತಿದ್ದಾನೆ ಎಂದುಕೊಂಡೆ.

ಇನ್ನೊಂದು ವಿಷಯ ಹೇಳಬೇಕು. ನಮ್ಮ ಕಡೆಯ ಪ್ರತಿಯೊಂದು ಗಾಡಿಯ ಮೂತಿಯಿಂದ ಒಂದು ವಯರು ನೇತಾಡುತ್ತಿರುತ್ತದೆ. ಮನೆಗೆ ಬಂದ ಕೂಡಲೇ ಅದನ್ನು ಗೋಡೆಯ ಪ್ಲಗ್ಗಿಗೆ ಸಿಕ್ಕಿಸಬೇಕು, ಎಂಜಿನ್ ಬೆಚ್ಚಗಿರಲಿ ಅಂತ. ಮರೆತರೆ ಬೆಳಿಗ್ಗೆ ಗಾಡಿ ಬರೀ ಕಲ್ಲು. ಸ್ಕಾಪ್ತಿ ಹುಡುಗನಾಗಿದ್ದಾಗ ಅವನ ಅಪ್ಪ ಒಂದು ಸಂಜೆ ಮರೆತಿದ್ದ. ಬೆಳಿಗ್ಗೆ ಅಮ್ಮನಿಗೆ ಹೆರಿಗೆ ನೋವು, ಗಾಡಿ ಏಳಲಿಲ್ಲ. ಅಮ್ಮ ಉಳಿದಳು, ಹೊಟ್ಟೆಯಲ್ಲಿದ್ದ ತಂಗಿ ಉಳಿಯಲಿಲ್ಲ. ಆಮೇಲೆ ಆ ಮನೆಯಲ್ಲಿ ಮೊದಲು ಪ್ಲಗ್ಗು, ಆಮೇಲೆ ಬೂಟು ಬಿಚ್ಚುವುದು. ಸ್ಕಾಪ್ತಿಗೆ ಅದು ಕೈಯಲ್ಲೇ ಕೂತುಬಿಟ್ಟಿತ್ತು. ಯಾರ ಮನೆಗೆ ಹೋದರೂ ಅವರ ಗಾಡಿಯ ವಯರು ಸಿಕ್ಕಿಸಿಯೇ ಒಳಗೆ ಬರುವನು.

ಕೆರೆಯಿಂದ ಬಂದಾಗಲೂ ಹಾಗೆಯೇ. ಬಾಗಿಲು ದಾಟಿದವನೇ ಕೋಟಿನಿಂದ ತನ್ನ ಹೆಚ್ಚಿನ ಬ್ಯಾಟರಿ ತೆಗೆದು ಚಾರ್ಜರಿಗೆ ಹಾಕುವನು. "ನಂದು ನಾನೇ ನೋಡ್ಕೋತೀನಿ. ಊರಿನವರದೆಲ್ಲ ನಿನಗೆ ಸಾಕಾಗಿದೆ." ಊರಿನ ಬ್ಯಾಟರಿಗಳನ್ನೆಲ್ಲ ಕೆನ್ನೆಗೆ ಒತ್ತಿ ನೋಡುತ್ತಿದ್ದ ವಾಲಾ ಅದೊಂದನ್ನು ಮಾತ್ರ ಮುಟ್ಟಲಿಲ್ಲ. ಅವನ ಪಕ್ಕೆಯಿಂದ ಬಂದದ್ದು ಬೆಚ್ಚಗಲ್ಲದೆ ಇನ್ನೇನಾಗಿರುತ್ತದೆ?

ಅದು ಅಂಚೆಯಲ್ಲಿ ತರಿಸಿದ ಅಗ್ಗದ ಬ್ಯಾಟರಿಯಾಗಿತ್ತು. ಯಂತ್ರದ ಜೊತೆ ಬಂದದ್ದು ತಣ್ಣಗಿದ್ದರೆ ಚಾರ್ಜನ್ನೇ ಒಳಗೆ ಬಿಡುತ್ತಿರಲಿಲ್ಲ. ಇದಕ್ಕೆ ಅಂಥ ಕಾವಲು ಇರಲಿಲ್ಲ, ಕೊಟ್ಟದ್ದನ್ನೆಲ್ಲ ನುಂಗಿ ಹಸಿರು ದೀಪ ಉರಿಸುತ್ತಿತ್ತು.

ಹಬ್ಬವಾದ ಮೇಲೆ ಒಂದು ದಿನ ಬಾಲ್ಡುರನ ಸೊಸೆಗೆ ಹೆರಿಗೆ ನೋವು ಬಂತೆಂದು ನಮ್ಮ ತಂಡದಲ್ಲೇ ಇದ್ದ ಅವನ ಮಗ ಆಸ್ಪತ್ರೆಗೆ ಹೋದ. ಕೈ ಕಡಿಮೆ. ಮೀನು ಬಿಡಿಸಲು ವಾಲಾ ನಮ್ಮ ಜೊತೆ ಬಂದಳು. ಗಾಳಿ ಇರಲಿಲ್ಲ, ಬಿಸಿಲಿತ್ತು, ಚಳಿ ಮಾತ್ರ ಕೊಯ್ಯುವಂತಿತ್ತು. ಗಂಡ ಹಿಮ್ಮಡಿ ಊರಿ "ಇಲ್ಲಿ" ಅನ್ನುವುದನ್ನು ಅವಳು ವರ್ಷಗಳ ಮೇಲೆ ನೋಡಿದಳು. ಬಲೆ ತುಂಬ ಪಿಕರೆಲ್ ಮೀನು ಬಿದ್ದಿತ್ತು. ಅವಳು ಆವತ್ತು ಹಾಡಿಕೊಂಡೇ ಮೀನು ಬಿಡಿಸಿದಳು.

ವಾಪಸು ಬರುವಾಗ ಹಿಮದ ಅಡಿಯಲ್ಲಿ ನೀರು ನಿಂತಿದ್ದ ಜಾಗದಲ್ಲಿ ಬಂಡಿ ಹೂತುಕೊಂಡಿತು. ಎಂಜಿನ್ನಿಗೆ ನೀರು ಹೋಗಿ ಬಂಡಿಯೊಳಗಿನ ಬಿಸಿ ನಿಂತಿತು. ಬಾಲ್ಡುರ್ ರೇಡಿಯೋದಲ್ಲಿ ಕೂಗಿದ. ಉತ್ತರದ ಕಡೆಯಿದ್ದ ತಂಡ ಬರುತ್ತೇವೆ ಅಂತು, ಆದರೆ ಅವರು ಬಹಳ ದೂರದಲ್ಲಿದ್ದರು. ಅಷ್ಟರಲ್ಲಿ ಸ್ಕಾಪ್ತಿಯ ಯಂತ್ರ ಬೀಪ್ ಅನ್ನತೊಡಗಿತು. ದಿನವೆಲ್ಲ ಓಡಿದ ಬ್ಯಾಟರಿ ಮುಗಿಯುತ್ತಿತ್ತು.

"ಬಲಗಡೇದು ತೆಗಿ," ಅಂದಳು ವಾಲಾ, ಗಾಬರಿಯಿಲ್ಲದೆ. ಇಂಥ ಹೊತ್ತಿಗೆ ಅಂತಲೇ ಹೊಲಿದ ಜೇಬು.

ಸ್ಕಾಪ್ತಿ ಕೋಟಿಗೆ ಕೈ ಹಾಕಲಿಲ್ಲ. ಬಂಡಿಯ ಹಿಂದಿನ ಸಾಮಾನು ಡಬ್ಬದತ್ತ ಬೆರಳು ತೋರಿಸಿದ. ನಾನೇ ಹೋಗಿ ತಂದೆ. ಕೈಗವಸಿನ ಮೇಲೂ ಅದು ಮಂಜಿನ ಇಟ್ಟಿಗೆಯಂತೆ ಕೊರೆಯುತ್ತಿತ್ತು. ದೀಪ ಮಾತ್ರ ನಾಲ್ಕೂ ಹಸಿರು.

ವಾಲಾ ಅದನ್ನು ಕೆನ್ನೆಗೆ ಒತ್ತಿಕೊಂಡಳು.

"ಇದ್ಯಾಕೆ ಅಲ್ಲಿತ್ತು?"

ಯಂತ್ರಕ್ಕೆ ಹಾಕಿದೆವು. ಪುಸ್ ಪುಸ್ ಅಂತ ಕೆಲವು ಉಸಿರು ಕೊಟ್ಟು ನಿಂತಿತು. ವಾಲಾ ಅದನ್ನು ಕಿತ್ತು, ಕೋಟು ಸ್ವೆಟರು ಎಲ್ಲ ಮೇಲೆತ್ತಿ ಬರೀ ಹೊಟ್ಟೆಗೆ ಒತ್ತಿಕೊಂಡು ಮುದುಡಿ ಕೂತಳು. ಅವಳ ಹಲ್ಲು ಕಟಕಟ ಅನ್ನುತ್ತಿತ್ತು. "ಏಳುತ್ತೆ, ಮರಗಟ್ಟಿದೆ ಅಷ್ಟೆ, ಕಾವು ತಾಗಿದ್ರೆ ಏಳುತ್ತೆ," ಅಂತ ತನಗೇ ಹೇಳಿಕೊಳ್ಳುತ್ತಿದ್ದಳು. ನಾನು ಸ್ಕಾಪ್ತಿಯ ಬೆನ್ನು ಹಿಡಿದುಕೊಂಡಿದ್ದೆ. ಅವನು ಬಾಯಿಂದ ಗಾಳಿ ಕಚ್ಚಿ ಕಚ್ಚಿ ಎಳೆಯುತ್ತಿದ್ದ, ತುಟಿಯ ಬಣ್ಣ ತಿರುಗುತ್ತಿತ್ತು. ಬಹಳ ಹೊತ್ತಿನ ಮೇಲೆ ವಾಲಾ ಮತ್ತೆ ಹಾಕಿ ನೋಡಿದಳು. ಮತ್ತೆ ನಾಲ್ಕು ಉಸಿರು. ಮತ್ತೆ ಇಲ್ಲ.

"ಬರೀ ತಣ್ಣಗಾಗಿದ್ರೆ ಇಷ್ಟು ಹೊತ್ತಿಗೆ ಏಳ್ಬೇಕಿತ್ತು," ಅಂದಳು. ದನಿ ಇಳಿದಿತ್ತು. "ದಿನಾ ಇದು ಡಬ್ಬದಲ್ಲೇ ಇರ್ತಿತ್ತಾ? ಡಬ್ಬದಿಂದ ತೆಗ್ದು ಹಾಗೇ ತಂದು ಪ್ಲಗ್ ಹಾಕ್ತಿದ್ಯಾ?"

ಸ್ಕಾಪ್ತಿ ತಲೆಯಾಡಿಸಿದ. "ಮೊದಲು... ಪ್ಲಗ್ಗು," ಅಂದ. ನಗಲು ನೋಡಿದ.

"ಮತ್ತೆ ಜೇಬಲ್ಲಿ ಏನಿಟ್ಟಿದೀಯ?"

ಅವಳೇ ಗುಂಡಿ ಬಿಚ್ಚಿ ಬಲಗಡೆಯ ಜೇಬಿಗೆ ಕೈ ಹಾಕಿದಳು. ಹೊರಗೆ ಬಂದದ್ದು ಬೈರಿಗೆಯ ಬ್ಯಾಟರಿ. ಈಗ ತಾನೇ ಇಟ್ಟ ಮೊಟ್ಟೆಯ ಹಾಗೆ ಬೆಚ್ಚಗಿತ್ತು, ಹಬೆಯಾಡುವಷ್ಟು. ದಪ್ಪ, ಅಗಲ, ಯಂತ್ರದ ಬಾಯಿಗೆ ಯಾವ ಕಡೆಯಿಂದಲೂ ಕೂರದ ಆಕಾರ. ಆದರೂ ಅವಳು ತಿರುಗಿಸಿ ತಿರುಗಿಸಿ ಒತ್ತಿ ನೋಡಿದಳು. ನೋಡಲಾಗದೆ ನಾನೇ ಅವಳ ಕೈಯಿಂದ ಕಿತ್ತುಕೊಂಡೆ.

ಬಾಲ್ಡುರ್ ಬಾಗಿಲಲ್ಲಿ ನಿಂತಿದ್ದ. ಎಲ್ಲವೂ ಅವನಿಗೆ ಕಾಣುತ್ತಿತ್ತು.

"ಯಾಕೋ?" ಅಂದ. ಅಷ್ಟು ಮೆತ್ತಗೆ ಅವನು ಮಾತಾಡಿದ್ದನ್ನು ನಾನು ಕೇಳಿದ್ದೇ ಇಲ್ಲ. "ಯಾಕೋ ಹಿಂಗ್ ಮಾಡ್ದೆ ಮಾರಾಯ?"

ಸ್ಕಾಪ್ತಿ ಒಂದೊಂದೇ ಮಾತಿಗೆ ಒಂದೊಂದು ಉಸಿರು ಕೂಡಿಸಿಕೊಂಡ. "ಬೈರಿಗೆ... ನಿಂತ್ರೆ... ಈ ಲಗೇಜ್ನ... ಯಾರು ತರ್ತಾರೆ?"

ಬಾಲ್ಡುರ್ ಹೊರಗೆ ಹೋಗಿ, ಹೂತ ಬಂಡಿಯನ್ನು ಒಬ್ಬನೇ ಸಲಿಕೆಯಿಂದ ಬಗೆಯತೊಡಗಿದ. ಅದರಿಂದ ಏನೂ ಆಗುವುದಿಲ್ಲ ಎಂದು ಅವನಿಗೂ ಗೊತ್ತಿತ್ತು.

ಉತ್ತರದ ತಂಡ ಬಂತು. ಅವರ ಹಿಮಗಾಡಿಯ ಹಿಂದಿನ ಜಾರುಬಂಡಿಯಲ್ಲಿ ಅವನನ್ನು ಮಲಗಿಸಿ, ಕಾವಿಗೆಂದು ವಾಲಾ ಅವನ ಮೇಲೆ ಮಲಗಿಕೊಂಡ ಮೇಲೆ, ದಡ ಮುಟ್ಟಿಸಿದರು. ಜೀವ ಉಳಿಯಿತು. ಉಳಿಯಿತು ಅನ್ನಬೇಕು ಅಷ್ಟೆ. ಆಮೇಲೆ ಅವನು ಮಂಚ ಬಿಟ್ಟು ಏಳಲಿಲ್ಲ. ಗೋಡೆಯ ಪ್ಲಗ್ಗಿಗೆ ಸಿಕ್ಕಿಸಿದ ದೊಡ್ಡ ಯಂತ್ರ ಬಂತು, ಅದಕ್ಕೆ ಬ್ಯಾಟರಿಯ ಹಂಗೇ ಇರಲಿಲ್ಲ. ವಾಲಾ ಅವನಿಗೆ ಉಣ್ಣಿಸಿದಳು, ಮೈ ಒರೆಸಿದಳು, ಮಾತು ಮಾತ್ರ ಆಡಲಿಲ್ಲ. ಸಿಟ್ಟು ಅವನ ಮೇಲೋ ತನ್ನ ಮೇಲೋ, ಅವಳಿಗೇ ತಿಳಿಯಲಿಲ್ಲ. ಒಂದು ಬೆಳಿಗ್ಗೆ ನಾನು ಹೋದಾಗ ಅವಳು ಅವನ ಕೆನ್ನೆಗೆ ಕೆನ್ನೆ ಒತ್ತಿಕೊಂಡು ಕೂತಿದ್ದಳು. "ತಣ್ಣಗಿದಾನೆ ಥೋರಾ, ಇನ್ನೊಂದು ಕಂಬಳಿ ಕೊಡು," ಅಂದಳು. ಮಾತು ಬಂತಲ್ಲ ಅಂತ ನನಗೆ ಸಮಾಧಾನವಾಯಿತು. ಕೆರೆಯ ಗಡ್ಡೆ ಕಪ್ಪಾಗಿ ಒಡೆಯುವ ಹೊತ್ತಿಗೆ ಸ್ಕಾಪ್ತಿ ಹೋದ.

ಮಣ್ಣು ಮುಗಿಸಿ ಬಂದ ಮೇಲಿನ ಕಾಫಿಗೆ ಊರೆಲ್ಲ ಸೇರಿತ್ತು. ಬಾಲ್ಡುರ್ ಬಂದು ಮೂಲೆಯಲ್ಲಿ ಟೋಪಿ ಹಿಚುಕುತ್ತ ಕೂತ, ಕಾಫಿ ಮುಟ್ಟಲಿಲ್ಲ. ಎಲ್ಲರೂ ಹೋದರು, ಅವನು ಏಳಲಿಲ್ಲ. ನನಗೆ ಅವನನ್ನು ಎತ್ತಿ ಹಿಮಕ್ಕೆ ಎಸೆಯುವಷ್ಟು ಸಿಟ್ಟಿತ್ತು, ಒಡಹುಟ್ಟಿದವನಾದರೇನು. ವಾಲಾ ಅವನ ಕಡೆ ನೋಡದೆ ಸ್ಕಾಪ್ತಿಯ ಕೋಟು ತೊಡೆಯ ಮೇಲಿಟ್ಟುಕೊಂಡು ಸೂಜಿಗೆ ದಾರ ಪೋಣಿಸಿದಳು.

"ಈಗೇನೇ ಹೊಲಿಗೆ?" ಅಂದೆ.

"ಜೇಬು."

"ಇದ್ಯಲ್ಲೇ ಎರಡು."

"ಎರಡೇ ಹೊಲಿದೆ ಥೋರಾ. ಒಂದು ಉಸಿರಿಗೆ, ಒಂದು ಜೀವಕ್ಕೆ. ಅವನಿಗೆ ಕೆಲಸಾನೂ ಬೇಕು ಅಂತ ನನಗೆ ಹೊಳೀಲೇ ಇಲ್ಲ. ಮೂರು ಹೊಲಿಬೇಕಿತ್ತು."

ಹೊಲಿಗೆ ಮುಗಿಸಿ ದಾರ ಹಲ್ಲಲ್ಲಿ ಕಡಿದು, ಕೋಟನ್ನು ಬಾಲ್ಡುರನ ಮುಂದೆ ಹಿಡಿದಳು.

"ತಗೋ. ಬರೋ ವರ್ಷ ಬೈರಿಗೆ ಬ್ಯಾಟರಿ ಇದರಲ್ಲಿಟ್ಕೋ. ಮೈಗೆ ತಾಗಿದ್ರೆ ಸಂಜೆವರೆಗೂ ಬೆಚ್ಚಗಿರುತ್ತೆ. ಅವನು ಮಾಡಿ ತೋರ್ಸಿದಾನೆ."

ಬಾಲ್ಡುರ್ ಎದ್ದು ನಿಂತು ಹಾಕಿಕೊಂಡ. ಹೆಗಲು ಬಿಗಿಯಾಯಿತು, ತೋಳು ಗಿಡ್ಡವಾಯಿತು. ಸರಿಮಾಡಿ ಕೊಡು ಅಂತ ಕೇಳುವ ಧೈರ್ಯ ಅವನಿಗೆ ಆಗಲಿಲ್ಲ, ಮಾಡಿ ಕೊಡುತ್ತೇನೆ ಅಂತ ಅವಳೂ ಅನ್ನಲಿಲ್ಲ. ಮುಂದಿನ ಚಳಿಗಾಲವೆಲ್ಲ ಅವನು ಅದನ್ನೇ ಹಾಕಿಕೊಂಡು ಬಂದ, ಈ ಚಳಿಗಾಲವೂ.

ಹಲಗೆ ಈಗಲೂ ಅಡಿಯಲ್ಲಿ ಟಕ್ ಟಕ್ ಅಂತ ತೆವಳುತ್ತದೆ. ಅದು ಎಲ್ಲಿ ನಿಂತಿತು ಅಂತ ನಮಗೆ ಯಾರಿಗೂ ಸರಿಯಾಗಿ ಕೇಳಿಸುವುದಿಲ್ಲ. ಬಾಲ್ಡುರ್ ಒಂದು ಕಡೆ ಕೊರೆಯುತ್ತಾನೆ, ಇಲ್ಲ. ಪಕ್ಕದಲ್ಲಿ ಕೊರೆಯುತ್ತಾನೆ, ಅಲ್ಲೂ ಇಲ್ಲ. ಕೆಲವು ದಿನ ಒಂದು ಹಲಗೆಗೆ ಐದಾರು ತೂತು ಆಗುತ್ತವೆ. ಬೈರಿಗೆ ಮಾತ್ರ ಒಂದು ಸಲವೂ ನಿಂತಿಲ್ಲ.